ಬೀರುವಿನ ಬೀಗದ ಕೈ

ಕೇಳುಗರಿಗೆ ನಮಸ್ಕಾರ.

ಮಂಡ್ಯ ಕಡೆಯ ಹಳ್ಳಿ ಹೈಸ್ಕೂಲಿನಲ್ಲಿ ಮೇಷ್ಟ್ರಾಗಿದ್ದವನು ನಾನು. ರಿಟೈರ್ ಆಗಿದ್ದರೂ ಏಪ್ರಿಲ್ ಬಂತು ಅಂದರೆ ನಮ್ಮ ಜಗಲಿ ಮೇಲೆ ಯಾರಾದರೂ ಪ್ಲಾಸ್ಟಿಕ್ ಕವರ್ ಹಿಡಿದು ಕೂತಿರುತ್ತಾರೆ. "ಸಾರ್, ಸಿಇಟಿಗೆ ಸ್ಟಡಿ ಸರ್ಟಿಫಿಕೇಟ್ ಬೇಕಿತ್ತು." ಸಿಇಟಿ ಅಂದರೆ ಎಂಜಿನಿಯರಿಂಗ್ ಮುಂತಾದ ಸೀಟಿನ ಪ್ರವೇಶ ಪರೀಕ್ಷೆ. ಸ್ಟಡಿ ಸರ್ಟಿಫಿಕೇಟ್ ಅಂದರೆ ಯಾವ ಸ್ಕೂಲಿನಲ್ಲಿ ಎಷ್ಟು ವರ್ಷ ಓದಿದ್ದು ಅನ್ನುವ ಪತ್ರ.

ಜಾತಿ ಸರ್ಟಿಫಿಕೇಟ್ ವಿಷಯ ಎಲ್ಲರಿಗೂ ಗೊತ್ತು. ನಾಡಕಚೇರಿಗೆ ಹೋಗಿ ಅರ್ಜಿ ಕೊಟ್ಟರೆ ಆರ್‌ಡಿ ಅಂತ ಶುರುವಾಗುವ ನಂಬರ್ ಇರುವ ಹಾಳೆ ಬರುತ್ತದೆ. ಪರೀಕ್ಷಾ ಪ್ರಾಧಿಕಾರದವರು ಆ ನಂಬರನ್ನೇ ಕಂಪ್ಯೂಟರಿನಲ್ಲಿ ತಾಳೆ ನೋಡುತ್ತಾರೆ. ಒಂದು ಮಾತು ಮಾತ್ರ ಹೇಳಿಬಿಡುತ್ತೇನೆ. ಹಿಂದುಳಿದ ವರ್ಗದ 2ಎ, 2ಬಿ, 3ಎ, 3ಬಿಯವರ ಜಾತಿ-ಆದಾಯ ಪತ್ರಕ್ಕೆ ಐದೇ ವರ್ಷ ಆಯಸ್ಸು. ಏಳನೇ ಕ್ಲಾಸಿನಲ್ಲಿ ಸ್ಕಾಲರ್‌ಶಿಪ್ಪಿಗೆ ಅಂತ ಮಾಡಿಸಿದ್ದನ್ನೇ ಜೋಪಾನವಾಗಿ ಎತ್ತಿಟ್ಟುಕೊಂಡು ಬರುತ್ತಾರೆ ಪಾಪ, ಅಷ್ಟರಲ್ಲಿ ಅದರ ಅವಧಿ ಮುಗಿದಿರುತ್ತದೆ.

ನಮ್ಮ ಕಡೆಯವರು ಎಡವುವುದು ಜಾಸ್ತಿ ಗ್ರಾಮೀಣ ಕೋಟಾದಲ್ಲಿ. ಶೇಕಡಾ 15 ಸೀಟು, ಕಡಿಮೆಯೇನಲ್ಲ. ಆದರೆ ಒಂದರಿಂದ ಹತ್ತರವರೆಗೆ ಪೂರ್ತಿ ಹತ್ತು ವರ್ಷ ಹಳ್ಳಿಯಲ್ಲೇ ಓದಿರಬೇಕು. ಮನೆ ಹಳ್ಳಿಯಲ್ಲಿದ್ದು, ಸ್ಕೂಲ್ ವ್ಯಾನ್ ಹತ್ತಿ ಮದ್ದೂರು ಟೌನಿಗೋ ಮೈಸೂರಿಗೋ ಹೋಗಿ ಓದಿದ್ದರೆ ಇಲ್ಲ. ಒಂದೇ ವರ್ಷ ಓದಿದ್ದರೂ ಇಲ್ಲ. ಕನ್ನಡ ಮಾಧ್ಯಮದಲ್ಲಿ ಓದಿದವರ ಶೇಕಡಾ 5 ಕೋಟಾಕ್ಕೂ ಹತ್ತು ವರ್ಷದ ಲೆಕ್ಕವೇ, ಅಲ್ಲಿ ಹಳ್ಳಿ-ಪೇಟೆ ಅಂತ ಇಲ್ಲ ಅಷ್ಟೇ.

ಇದಕ್ಕೆ ಕೊಡುವ ಸ್ಟಡಿ ಸರ್ಟಿಫಿಕೇಟಿಗೆ ಓದಿದ ಸ್ಕೂಲಿನ ಹೆಡ್‌ಮೇಷ್ಟ್ರ ರುಜು ಬೇಕು. ಅದರ ಮೇಲೆ ಬಿಇಒ, ಅಂದರೆ ಕ್ಷೇತ್ರ ಶಿಕ್ಷಣಾಧಿಕಾರಿ ಸಾಹೇಬರ ಮೇಲುರುಜು. ಮೂರು ಸ್ಕೂಲಿನಲ್ಲಿ ಓದಿದ್ದರೆ ಮೂರೂ ಕಡೆ ಅಲೆಯಬೇಕು.

ಒಂದು ಸಲ ಪಕ್ಕದ ಊರಿನ ರೈತರೊಬ್ಬರು ಮಗನನ್ನು ಕರೆದುಕೊಂಡು ಬಂದರು. ಏಪ್ರಿಲ್ ಕೊನೆ. ಬೇಸಿಗೆ ರಜೆ. ಹುಡುಗ ನಾಲ್ಕನೇ ಕ್ಲಾಸಿನವರೆಗೆ ಓದಿದ ಸ್ಕೂಲು ಮಕ್ಕಳಿಲ್ಲದೆ ಮುಚ್ಚಿತ್ತು. ದಾಖಲೆಗಳು ಆಚೆ ಊರಿನ ಸ್ಕೂಲಿನ ಬೀರುವಿನಲ್ಲಿದ್ದವು. ಬೀಗದ ಕೈ ಹೆಡ್‌ಮಿಸ್ ಹತ್ತಿರ. ಹೆಡ್‌ಮಿಸ್ ಮಗಳ ಮನೆಗೆ ಅಂತ ಶಿವಮೊಗ್ಗಕ್ಕೆ ಹೋಗಿದ್ದರು. ಯಾರ ತಪ್ಪು ಅನ್ನೋಣ? ರಜೆ ಅವರ ಹಕ್ಕು, ಅಲ್ವಾ?

ಕೀ ಬಸ್ಸಿನಲ್ಲಿ ಬಂತು. ಕಂಡಕ್ಟರ್ ಕೈಯಲ್ಲಿ ಕಳಿಸಿದ್ದರು. ಬೀರು ತೆಗೆದರೆ ರಿಜಿಸ್ಟರ್ ಗೊಬ್ಬರದ ಚೀಲದಲ್ಲಿ ಸುತ್ತಿಟ್ಟಿತ್ತು. ಅಂಚೆಲ್ಲಾ ಗೆದ್ದಲು ತಿಂದಿತ್ತು. ಹುಡುಗನ ಹೆಸರಿನ ಸಾಲು ಉಳಿದಿತ್ತು, ಪಕ್ಕದಲ್ಲಿ ಅವರಜ್ಜಿಯ ಹೆಬ್ಬೆಟ್ಟು. ಅದನ್ನು ನೋಡಿ ಅಪ್ಪ ಸುಮ್ನೆ ನಿಂತುಬಿಟ್ಟರು.

ಆದರೆ ರುಜು ಹಾಕಲು ಹೆಡ್‌ಮಿಸ್ಸೇ ಬರಬೇಕಲ್ಲ. ಅವರು ಬಂದು, ಆಮೇಲೆ ಮೇಲುರುಜು ಆಗುವ ಹೊತ್ತಿಗೆ ಪತ್ರ ಕೊಡುವ ಗಡುವು ಮುಗಿದು ಎರಡು ದಿನವಾಗಿತ್ತು. ಗ್ರಾಮೀಣ ಕೋಟಾ ತಪ್ಪಿತು. ಜಾತಿ ಪತ್ರ ಸರಿಯಿತ್ತು, ಆ ಮೀಸಲಾತಿ ಉಳಿಯಿತು. ರ‍್ಯಾಂಕು ಮಾತ್ರ ಅವನು ಕೇಳಿದ ಕಾಲೇಜಿಗೆ ಸಾಲಲಿಲ್ಲ.

ಹಾಗಾಗಿ ಕೇಳಿ. ಮಗ ಅಥವಾ ಮಗಳು ಈಗ ಎರಡನೇ ಪಿಯುಸಿಯಲ್ಲಿದ್ದರೆ ಸಿಇಟಿ ಅರ್ಜಿ ಬಿಡುವವರೆಗೆ ಕಾಯಬೇಡಿ. ದಸರಾ ರಜೆ ಮುಗಿದ ಮಾರನೇ ದಿನ ಹಳೇ ಸ್ಕೂಲಿಗೆ ಹೋಗಿ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಜೆರಾಕ್ಸ್ ಜೊತೆಗಿರಲಿ, ಹೆಸರು, ಇನಿಷಿಯಲ್ ಅದರಂತೆಯೇ ಬರೆಸಿ. ಆಗ ಮೇಷ್ಟ್ರು ಇರುತ್ತಾರೆ, ಬೀಗದ ಕೈಯೂ ಅಲ್ಲೇ ಇರುತ್ತದೆ.

ನಮಸ್ಕಾರ.