ಬಡ್ತಿ ತಡವಾದರೆ ಮೊದಲು ತಾರೀಖು ನೋಡಿ

ಕೇಳುಗರಿಗೆ ನಮಸ್ಕಾರ.

“ನನ್ನ ಹಿಂದಿನಿಂದ ಬಂದವರಿಗೆ ಪ್ರಮೋಷನ್ ಆತು, ನಂದು ಫೈಲು ಎಲ್ಲಿ ಕುಂತದೋ ಗೊತ್ತಿಲ್ರಿ.” ರಾಯಚೂರಿನ ಸರ್ಕಾರಿ ಕಚೇರಿಗಳ ಹೊರಗಿನ ಚಹಾದಂಗಡಿಯಲ್ಲಿ ಈ ಮಾತು ಹೊಸದಲ್ಲ. ಆದರೆ ಇಂಥ ಕೇಸುಗಳಲ್ಲಿ ಬಹಳಷ್ಟು ಸೋಲುವುದು ನ್ಯಾಯವಿಲ್ಲದ್ದಕ್ಕಲ್ಲ, ತಾರೀಖು ಮೀರಿದ್ದಕ್ಕೆ.

ಬಡ್ತಿ ಎಂಬುದು ಹಕ್ಕಲ್ಲ. ಬಡ್ತಿಗೆ ಪರಿಗಣಿಸಬೇಕೆಂಬುದು ಹಕ್ಕು. ಹುದ್ದೆ ಖಾಲಿಯಾದ ದಿನದಿಂದಲೇ ಕೊಡಿ ಎಂದರೆ ನಿಲ್ಲುವುದಿಲ್ಲ. ಕಿರಿಯರನ್ನು ಪರಿಗಣಿಸಿ ನಿಮ್ಮನ್ನು ಬಿಟ್ಟರೆ ಆಗ ಕೇಸು ಹುಟ್ಟುತ್ತದೆ. ಕರ್ನಾಟಕ ನಾಗರಿಕ ಸೇವಾ ನಿಯಮಗಳ ನಿಯಮ 32ರ ಸ್ವತಂತ್ರ ಪ್ರಭಾರದಲ್ಲಿ, ಅಂದರೆ ಮೇಲಿನ ಹುದ್ದೆಯ ಕೆಲಸವನ್ನು ತಾತ್ಕಾಲಿಕವಾಗಿ ವಹಿಸಿಕೊಂಡು, ಎಷ್ಟು ವರ್ಷ ಕುರ್ಚಿಯಲ್ಲಿ ಕೂತಿದ್ದರೂ ಅದು ಬಡ್ತಿ ಅಲ್ಲ.

ಯಾಕೆ ಬಿಟ್ಟರು ಎಂದು ಮೊದಲು ಪತ್ತೆ ಮಾಡಿ. ಹತ್ತು ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಅಂತಿಮ ಜ್ಯೇಷ್ಠತಾ (ಸೀನಿಯಾರಿಟಿ) ಪಟ್ಟಿ, ಇಲಾಖಾ ಮುಂಬಡ್ತಿ ಸಮಿತಿಯ ನಡವಳಿ, ಯಾವ ಹುದ್ದೆ ಯಾವ ಮೀಸಲಾತಿ ವರ್ಗಕ್ಕೆ ಎಂದು ಬರೆದಿಡುವ ರೋಸ್ಟರ್ ವಹಿಯ ನಕಲು ಕೇಳಿ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಹಾಗಾಗಿ ಬೇರೆ ಬೇರೆ ಅರ್ಜಿ ಹಾಕುವುದೇ ಲೇಸು. ಉತ್ತರಕ್ಕೆ 30 ದಿನ. ಎಷ್ಟೋ ಸಲ ತೊಡಕು ನಿಮ್ಮ ಸೇವಾ ಪುಸ್ತಕದಲ್ಲೇ ಇರುತ್ತದೆ: ಪ್ರೊಬೇಷನ್ ಮುಗಿದ ಘೋಷಣೆ ಆಗಿಲ್ಲ, ಇಲಾಖಾ ಪರೀಕ್ಷೆ ಪಾಸಾದದ್ದು ನಮೂದಾಗಿಲ್ಲ, ಒಂದು ವರ್ಷದ ಕಾರ್ಯನಿರ್ವಹಣಾ ವರದಿಯೇ ಇಲ್ಲ. ಇವಕ್ಕೆ ವಕೀಲರು ಬೇಡ. ನಮ್ಮ ಭಾಗದಲ್ಲಿ ಇನ್ನೊಂದನ್ನು ನೋಡಲೇಬೇಕು: ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಡುವ ಸಂವಿಧಾನದ 371ಜೆ ವಿಧಿಯ ಅಡಿಯ 2013ರ ಆದೇಶದ ಪ್ರಕಾರ ನಿಮ್ಮ ಹೆಸರು ಈ ಭಾಗದ ಹುದ್ದೆಗಳ ಸ್ಥಳೀಯ ವೃಂದದ ಪಟ್ಟಿಯಲ್ಲಿದೆಯೋ, ರಾಜ್ಯದ ಉಳಿದ ಹುದ್ದೆಗಳ ಉಳಿಕೆ ವೃಂದದಲ್ಲೋ.

“ವಿಚಾರಣೆ ನಡೆದಿದೆ” ಎಂದು ನಿಮ್ಮ ಬಗ್ಗೆ ಮುಂಬಡ್ತಿ ಸಮಿತಿ ಕೊಟ್ಟ ಫಲಿತಾಂಶವನ್ನು ತೆರೆಯದೆ ಮುಚ್ಚಿದ ಲಕೋಟೆಯಲ್ಲಿ ಇಟ್ಟಿದ್ದರೆ, ಆರೋಪಪಟ್ಟಿ ಯಾವತ್ತು ಕೊಟ್ಟರು ಎಂದು ಕೇಳಿ. ಪ್ರಾಥಮಿಕ ವಿಚಾರಣೆ ಸಾಲದು, ಇಲಾಖಾ ವಿಚಾರಣೆಯಲ್ಲಿ ಆರೋಪಪಟ್ಟಿ ಜಾರಿಯಾಗಿರಬೇಕು ಎಂದು ಸುಪ್ರೀಂ ಕೋರ್ಟು 1991ರ ಜಾನಕಿರಾಮನ್ ಪ್ರಕರಣದಲ್ಲಿ ಹೇಳಿದೆ.

ಈಗ ತಾರೀಖಿಗೆ ಬರೋಣ. ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಹೊರಟಾಗ ಆಕ್ಷೇಪಣೆಗೆ ಕೊಟ್ಟ ದಿನಗಳೊಳಗೆ ಬರೆದು ಕೊಟ್ಟು, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಆಗ ಸುಮ್ಮನಿದ್ದವರ ಮಾತಿಗೆ ಆಮೇಲೆ ತೂಕ ಕಡಿಮೆ. ಕಿರಿಯರ ಬಡ್ತಿ ಆದೇಶ ಬಂದರೆ ಆಡಳಿತ ನ್ಯಾಯಮಂಡಳಿಗೆ ಹೋಗಲು ಒಂದು ವರ್ಷ. ನಿಯಮದಲ್ಲೇ ಅವಕಾಶವಿರುವ ಮೇಲ್ಮನವಿ ಹಾಕಿ ಆರು ತಿಂಗಳು ಉತ್ತರ ಬಾರದಿದ್ದರೆ, ಆ ಆರು ತಿಂಗಳು ಮುಗಿದ ದಿನದಿಂದ ಒಂದು ವರ್ಷ. ಉದಾಹರಣೆಗೆ 2024ರ ಫೆಬ್ರವರಿ 10ಕ್ಕೆ ಮೇಲ್ಮನವಿ ಕೊಟ್ಟಿದ್ದರೆ, ಆಗಸ್ಟ್ 10ಕ್ಕೆ ಆರು ತಿಂಗಳು. ಗಡುವು 2025ರ ಆಗಸ್ಟ್ 10. ಆದರೆ ಬರೀ ಮನವಿ ಪತ್ರಗಳಿಗೆ ಈ ಲೆಕ್ಕ ಇಲ್ಲ. ಮೇಲಿಂದ ಮೇಲೆ ಮನವಿ ಕೊಟ್ಟರೆ ಗಡುವು ಬೆಳೆಯುವುದಿಲ್ಲ ಎಂದು 1989ರ ಎಸ್.ಎಸ್. ರಾಥೋಡ್ ತೀರ್ಪು ಖಚಿತ ಮಾಡಿದೆ. “ಸಾಹೇಬರು ನೋಡ್ತೀನಿ ಅಂದಾರ” ಎಂದು ಮೂರು ವರ್ಷ ಕಾದವರು ಎಡವುವುದು ಇಲ್ಲೇ. ತಡಕ್ಕೆ ಸಕಾರಣವಿದ್ದರೆ ಮನ್ನಾ ಅರ್ಜಿ ಹಾಕಬಹುದು. ಅದನ್ನೇ ನಂಬಿ ಕೂರಬೇಡಿ.

ಎಲ್ಲಿಗೆ ಹೋಗಬೇಕು? ರಾಜ್ಯ ಸರ್ಕಾರಿ ನೌಕರರು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅದರ ಪೀಠ ಕಲಬುರಗಿಯಲ್ಲೂ ಇದೆ. ರೈಲ್ವೆ, ಅಂಚೆಯವರಿಗೆ ಬೆಂಗಳೂರಿನ ಕೇಂದ್ರ ಆಡಳಿತ ನ್ಯಾಯಮಂಡಳಿ. ಸಾರಿಗೆ ನಿಗಮ, ವಿದ್ಯುತ್ ನಿಗಮದಂಥವರು ಸಾಮಾನ್ಯವಾಗಿ ಹೈಕೋರ್ಟಿಗೆ ರಿಟ್ ಹಾಕುತ್ತಾರೆ: ರಾಯಚೂರಿನವರಿಗೆ ಕಲಬುರಗಿ ಪೀಠ, ಬಳ್ಳಾರಿ, ಕೊಪ್ಪಳದವರಿಗೆ ಧಾರವಾಡ ಪೀಠ.

ಅರ್ಜಿಯಲ್ಲಿ ಬಡ್ತಿ ಪಡೆದ ಕಿರಿಯರನ್ನು ಪ್ರತಿವಾದಿಗಳಾಗಿ ಸೇರಿಸದಿದ್ದರೆ ಅದೊಂದೇ ಕಾರಣಕ್ಕೆ ಅರ್ಜಿ ಬೀಳಬಹುದು. ಕೋರಿಕೆಯಲ್ಲಿ ಕಿರಿಯರ ಬಡ್ತಿಯ ದಿನದಿಂದ ಜ್ಯೇಷ್ಠತೆ, ವೇತನ ನಿಗದಿ, ಬಾಕಿ ಹಣ ಮೂರನ್ನೂ ಬೇರೆ ಬೇರೆಯಾಗಿ ಕೇಳಿ. ಇಲ್ಲದಿದ್ದರೆ ಕಾಲ್ಪನಿಕ ಬಡ್ತಿ, ಅಂದರೆ ಹಿಂದಿನ ದಿನಾಂಕದಿಂದ ಬರೀ ಕಾಗದದ ಮೇಲಿನ ಬಡ್ತಿ, ಕೊಟ್ಟು ಬಾಕಿ ಇಲ್ಲ ಎನ್ನುತ್ತಾರೆ.

ನಿವೃತ್ತಿಗೆ ಒಂದೆರಡು ವರ್ಷ ಉಳಿದವರು ಹೆಚ್ಚು ಅವಸರ ಮಾಡಬೇಕು. ಮೇಲಿನ ಹುದ್ದೆಯ ಅಧಿಕಾರ ವಹಿಸದೆ ನಿವೃತ್ತರಾದವರಿಗೆ ಹಿಂದಿನ ದಿನಾಂಕದಿಂದ ಬಡ್ತಿಯ ಆರ್ಥಿಕ ಲಾಭ ಸಿಗದು ಎಂದು ಸುಪ್ರೀಂ ಕೋರ್ಟು 2024ರ ನವೆಂಬರಿನಲ್ಲಿ, ಪಶ್ಚಿಮ ಬಂಗಾಳದ ಪ್ರಕರಣವೊಂದರಲ್ಲಿ ಹೇಳಿದೆ. ಹಾಗಾಗಿ ಅರ್ಜಿಯ ಜೊತೆಗೇ ಮಧ್ಯಂತರ ಕೋರಿಕೆ ಹಾಕಿ: ಒಂದು ಹುದ್ದೆ ಖಾಲಿ ಇಡಿ, ಇಲ್ಲವೇ ಮುಂದಿನ ಬಡ್ತಿಗಳೆಲ್ಲ ಈ ಅರ್ಜಿಯ ತೀರ್ಪಿಗೆ ಒಳಪಟ್ಟಿರಲಿ ಎಂದು.