ನಾಯಿ ಬಿಸ್ಕೆಟ್ ಒಣಗಿಸಿ ಸ್ವಾಮಿ, ಒಣಗಿಸಿ!

ಎಲ್ಲರಿಗೂ ನಮಸ್ಕಾರ. ಇವತ್ತು ಹಲ್ಲು ಮೂಡೋ ಮರಿಗಳ ತಿಂಡಿ ಬಗ್ಗೆ ಮಾತಾಡೋಣ ಅಂತಿತ್ತು, ಅದು ಮುಂದಿನ ವಾರಕ್ಕಿರಲಿ. ರಾಗಿ ಬಿಸ್ಕೆಟ್ ವಿಡಿಯೋ ಕೆಳಗೆ ಒಂದು ಕಾಮೆಂಟ್ ಬಂದಿದೆ. "ನೀವು ಹೇಳಿದ ಹಾಗೇ ಮಾಡಿದೆ, ನಾಲ್ಕನೇ ದಿನಕ್ಕೆ ಬೂಷ್ಟು ಹಿಡೀತು. ನಿಮ್ಮ ಅಳತೆನೇ ಸರಿ ಇಲ್ಲ." ಅದರ ಕೆಳಗೆ "ನಮ್ಮನೇಲೂ ಹೀಗೇ ಆಯ್ತು" ಅಂತ ಸಾಲು ಸಾಲು.

ಅಳತೆ ಸರಿ ಇದೆ. ನೀವು ಒಣಗಿಸಿಲ್ಲ. ಬೇಯಿಸಿದ್ದೀರಿ, ಒಣಗಿಸಿಲ್ಲ. ಬೇಯಿಸೋದು ಬೇರೆ ಕೆಲಸ, ಒಣಗಿಸೋದು ಬೇರೆ ಕೆಲಸ. ಇವತ್ತು ಇದೊಂದೇ ಮಾತು.

ಅಳತೆ ಮೊದಲು ಇನ್ನೊಂದ್ಸಲ ಹೇಳ್ಬಿಡ್ತೀನಿ, ಡಿಸ್ಕ್ರಿಪ್ಶನ್‌ನಲ್ಲೂ ಇದೆ. ರಾಗಿ ಹಿಟ್ಟು 200 ಗ್ರಾಂ. ಬೇಯಿಸಿ, ಸಿಪ್ಪೆ ತೆಗೆದು, ಗಂಟಿಲ್ಲದ ಹಾಗೆ ಹಿಸುಕಿದ ಸಿಹಿ ಗೆಣಸು 150 ಗ್ರಾಂ. ಒಂದು ಮೊಟ್ಟೆ, ಅಂದ್ರೆ ಸುಮಾರು 50 ಗ್ರಾಂ. ಅಷ್ಟೇ. ಉಪ್ಪಿಲ್ಲ, ಬೆಲ್ಲ ಇಲ್ಲ, ಸೋಡಾ ಇಲ್ಲ. ಗೋಧಿ ಹಿಟ್ಟಿನಲ್ಲಿರೋ ಜಿಗುಟು ರಾಗೀಲಿ ಇಲ್ಲ, ಅದಕ್ಕೇ ಗೆಣಸು ಮೊಟ್ಟೆ ಎರಡೂ ಬೇಕು. ಅವೇ ಹಿಡಿದಿಟ್ಟುಕೊಳ್ಳೋದು. ಮೊಟ್ಟೆ ಬೇಡ ಅನ್ನೋರು ಅಕ್ಕಿ ರೊಟ್ಟಿಗೆ ಉಕ್ಕರಿಸ್ತೀವಲ್ಲ, ಹಾಗೆ ಹಿಟ್ಟಿನ ಅರ್ಧ ಭಾಗವನ್ನ ಕುದಿಯೋ ನೀರಲ್ಲಿ ಉಕ್ಕರಿಸಿ, ಉಳಿದರ್ಧ ಒಣ ಹಿಟ್ಟು ಮತ್ತು ಗೆಣಸು ಸೇರಿಸಿ ನಾದಿ. ಹಿಟ್ಟು ರೊಟ್ಟಿ ಹಿಟ್ಟಿಗಿಂತ ಸ್ವಲ್ಪ ಗಟ್ಟಿ ಇರ್ಬೇಕು. ಗೆಣಸು ನೀರು ನೀರಾಗಿದ್ರೆ ಇನ್ನೊಂದು ಚಮಚ ಹಿಟ್ಟು ಹಾಕಿ.

ಒಟ್ಟು 400 ಗ್ರಾಂ ಆಯ್ತಾ? ಈಗ ಲೆಕ್ಕ ನೋಡಿ. ಅದರಲ್ಲಿ 175 ಗ್ರಾಂ ಹತ್ತಿರ ಬರೀ ನೀರು. ಗೆಣಸಲ್ಲಿ ಮುಕ್ಕಾಲು ಭಾಗ ನೀರು, ಮೊಟ್ಟೇಲೂ ಹಾಗೇ, ನೋಡೋಕೆ ಒಣಗಿರೋ ರಾಗಿ ಹಿಟ್ಟಲ್ಲೂ ನೂರಕ್ಕೆ ಹತ್ತು ಹನ್ನೆರಡು ಭಾಗ ನೀರಿದೆ. ನಿಮ್ಮ 400 ಗ್ರಾಂ ಹಿಟ್ಟು ಒಲೆಯಿಂದ ಆಚೆ ಬರುವಾಗ 250 ಗ್ರಾಂ ಇರ್ಬೇಕು. 300 ಇದೆ ಅಂದ್ರೆ 50 ಗ್ರಾಂ ಹೆಚ್ಚುವರಿ ನೀರು ಒಳಗೇ ಕೂತಿದೆ. ಬೂಷ್ಟಿಗೆ ಅದೇ ಊಟ. ತಕ್ಕಡಿ ಇದ್ರೆ ತೂಗಿ ನೋಡಿ. ಹೀಗೆ ತೂಗಿ ಕಾಮೆಂಟ್ ಹಾಕಿದೋರು ಇಲ್ಲಿವರೆಗೂ ಒಬ್ಬರೂ ಇಲ್ಲ!

"ಬೇಕರಿ ಬಿಸ್ಕೆಟ್ ತಿಂಗಳುಗಟ್ಟಲೆ ಇರುತ್ತಲ್ಲ" ಅಂತೀರಿ. ಅದರಲ್ಲಿ ಸಕ್ಕರೆ ಇದೆ, ಕೊಬ್ಬಿದೆ, ಕೆಲವದರಲ್ಲಿ ಕೆಡದ ಹಾಗೆ ಹಾಕೋ ರಾಸಾಯನಿಕನೂ ಇದೆ. ಉಪ್ಪಿನಕಾಯಿಗೆ ಉಪ್ಪು ಕಾವಲು, ಹಪ್ಪಳಕ್ಕೆ ಉಪ್ಪು ಖಾರ ಕಾವಲು. ನಾಯಿ ಬಿಸ್ಕೆಟ್ಟಿಗೆ ನಾವು ಇದ್ಯಾವುದನ್ನೂ ಹಾಕಲ್ಲ, ಹಾಕಲೂಬಾರದು. ಹಾಗಾದ್ರೆ ಅದನ್ನ ಕಾಯೋರು ಯಾರು? ಒಣಗಿರೋದೊಂದೇ. ನಂಬಿಕೆ ಇಲ್ದಿದ್ರೆ ಉತ್ತರ ಕರ್ನಾಟಕದ ಯಾವ ಊರಿಗಾದ್ರೂ ಹೋಗಿ, ಖಡಕ್ ರೊಟ್ಟಿ ನೋಡಿ. ಜೋಳದ ಹಿಟ್ಟು, ನೀರು, ಬೆಂಕಿ. ಬೇರೆ ಏನೂ ಇಲ್ಲ. ತೆಳ್ಳಗೆ ಬಡಿದು, ಬೇಯಿಸಿ, ಆಮೇಲೆ ಖಡಕ್ ಆಗೋವರೆಗೂ ಒಣಗಿಸಿ ಅಡ್ಡಡ್ಡ ಪೇರಿಸಿಟ್ರೆ ವಾರಗಟ್ಟಲೆ ಏನೂ ಆಗಲ್ಲ. ಅದೇ ಹಿಟ್ಟಿನ ಮೆತ್ತನೆ ರೊಟ್ಟಿ ಮೂರನೇ ದಿನಕ್ಕೆ ವಾಸನೆ. ಹಿಟ್ಟು ಒಂದೇ, ಕೈ ಒಂದೇ. ವ್ಯತ್ಯಾಸ ಏನು? ಒಣಗಿಸಿದ್ದು! ಆ ತಾಯಂದಿರಿಗೆ ಗೊತ್ತಿರೋದು 10 ಸಾವಿರದ ಓಟಿಜಿ, ಅಂದ್ರೆ ಕರೆಂಟು ಓವನ್, ಇಟ್ಕೊಂಡಿರೋ ನಮಗೆ ಯಾಕೆ ಗೊತ್ತಾಗಲ್ಲ?

ಸರಿ, ಮಾಡೋದು ಹೇಗೆ ಅಂದ್ರೆ, 5 ಮಿಲಿಮೀಟರ್ ದಪ್ಪ ಲಟ್ಟಿಸಿ. 8 ಅಲ್ಲ, 10 ಅಲ್ಲ. ಬಟರ್ ಪೇಪರ್ ಎರಡು ಹಾಳೆ ಮಧ್ಯೆ ಇಟ್ಟು ಲಟ್ಟಿಸಿದ್ರೆ ಅಂಟಲ್ಲ. ಎರಡೂವರೆ ಸೆಂಟಿಮೀಟರ್ ಚೌಕ ಕತ್ತರಿಸಿ, ಸುಮಾರು 100 ತುಂಡು ಆಗುತ್ತೆ. ಮೂಳೆ ಆಕಾರದ ಅಚ್ಚು ಬೇಡ್ವೇ ಬೇಡ. ಮಧ್ಯ ಸಣ್ಣ, ತುದಿ ದಪ್ಪ, ಒಂದೇ ಸಮ ಒಣಗಲ್ಲ. ಆ ಆಕಾರ ಫೋಟೋಗೆ ಚೆಂದ, ನಾಯಿಗೆ ಅದರಿಂದ ಏನೂ ಆಗ್ಬೇಕಾಗಿಲ್ಲ. ಪ್ರತಿ ತುಂಡಿಗೂ ಫೋರ್ಕಿಂದ ಮೂರ್ನಾಲ್ಕು ತೂತು ಚುಚ್ಚಿ, ಆರ್‌ಪಾರ್. ಅದು ಅಲಂಕಾರ ಅಲ್ಲ, ಆವಿ ಆಚೆ ಹೋಗೋ ದಾರಿ.

ಓಟಿಜಿಯಲ್ಲಿ 160 ಡಿಗ್ರಿ, 25 ನಿಮಿಷ. ಇದು ಬೇಯೋದಕ್ಕೆ. ಇಲ್ಲಿಗೆ ನಿಲ್ಲಿಸ್ತೀರಲ್ಲ, ಅಲ್ಲೇ ತಪ್ಪು. ಈಗ 100 ಡಿಗ್ರಿಗೆ ಇಳಿಸಿ, ಎಲ್ಲ ತುಂಡು ತಿರುಗಿಸಿ ಹಾಕಿ, ಬಾಗಿಲಿಗೆ ಮರದ ಸೌಟು ಸಿಕ್ಕಿಸಿ ಒಂದು ಬೆರಳಷ್ಟು ಸಂದು ಬಿಡಿ. ಒಂದು ಗಂಟೆ, ಒಂದೂಕಾಲು ಗಂಟೆ. ಸಂದು ಬಿಡದೆ ಇದ್ರೆ ಬಿಸ್ಕೆಟ್‌ನಿಂದ ಹೊರಟ ಆವಿ ಒಳಗೇ ಸುತ್ತುತ್ತೆ, ಮತ್ತೆ ಬಿಸ್ಕೆಟ್ ಮೇಲೇ ಕೂರುತ್ತೆ. ಆಮೇಲೆ ಆಫ್ ಮಾಡಿ ಅಲ್ಲೇ ತಣ್ಣಗಾಗೋಕೆ ಬಿಡಿ.

"ಅಷ್ಟು ಹೊತ್ತು ಕರೆಂಟು ದಂಡ, 200ಕ್ಕೆ ಇಟ್ಟು ಬೇಗ ಮುಗಿಸ್ತೀವಿ." ಹಾಗೆ ಮಾಡಿದ್ರೆ ಮೇಲೆ ಗಟ್ಟಿ ಪದರ ಕಟ್ಟುತ್ತೆ, ಒಳಗಿನ ನೀರಿಗೆ ಆಚೆ ಬರೋಕೆ ದಾರಿನೇ ಇರಲ್ಲ. ಮುಟ್ಟಿದ್ರೆ ಕಲ್ಲು, ಒಳಗೆ ಹಸಿ. ರಾಗೀಲಿ ಇನ್ನೊಂದು ಮೋಸ ಇದೆ. ಮೈದಾ ಬಿಸ್ಕೆಟ್ ಆಗಿದ್ರೆ ಹೊಂಬಣ್ಣ ಬಂತು, ಆಯ್ತು ಅನ್ನಬಹುದು. ರಾಗಿ ಹುಟ್ಟೋದೇ ಕಂದು ಬಣ್ಣದಲ್ಲಿ. ಹಸೀದೂ ಕಂದು, ಬೆಂದದ್ದೂ ಕಂದು, ಒಣಗಿದ್ದೂ ಕಂದು. ಬಣ್ಣ ನೋಡಿ ತೆಗೆಯೋರೆಲ್ಲ ಇಲ್ಲೇ ಎಡವೋದು.

ಹಾಗಾದ್ರೆ ನೋಡ್ಬೇಕಾದ್ದು ಏನು? ಪೂರ್ತಿ ತಣ್ಣಗಾದ ಮೇಲೆ ಟ್ರೇ ಮಧ್ಯದಿಂದ ಒಂದು ಎತ್ತಿಕೊಳ್ಳಿ. ಬಿಸಿ ಇದ್ದಾಗ ನೋಡ್ಬೇಡಿ, ಬಿಸಿ ಬಿಸ್ಕೆಟ್ ಯಾವಾಗಲೂ ಮೆತ್ತಗೇ. ಎರಡು ಕೈ ಬೆರಳಲ್ಲಿ ಮುರಿಯಿರಿ. ಟಕ್ ಅಂತ ಸದ್ದು ಬರ್ಬೇಕು. ಮುರಿದ ಅಂಚನ್ನ ಬೆಳಕಿಗೆ ಹಿಡೀರಿ. ಒಣಗಿದ್ರೆ ಈ ತುದಿಯಿಂದ ಆ ತುದಿವರೆಗೂ ಒಂದೇ ಮಾಸಲು ಬಣ್ಣ, ಪುಡಿ ಉದುರುತ್ತೆ. ಒಣಗದೇ ಇದ್ರೆ ನಟ್ಟನಡುವೆ ಕಪ್ಪನೆಯ ಗೆರೆ, ಉಗುರು ಒತ್ತಿದ್ರೆ ಗುರುತು ಬೀಳುತ್ತೆ. ಆ ಗೆರೆನೇ ನಾಲ್ಕನೇ ದಿನದ ಬೂಷ್ಟು. ಕಾಮೆಂಟ್ ಹಾಕಿದೋರ ಬಿಸ್ಕೆಟ್‌ನಲ್ಲೂ ಮೊದಲನೇ ದಿನ ಆ ಗೆರೆ ಇದ್ದೇ ಇತ್ತು, ಮುರಿದು ನೋಡಿರಲ್ಲ.

ಇನ್ನೂ ಅನುಮಾನ ಇದ್ರೆ ನಾಲ್ಕು ತುಂಡು ಗಾಜಿನ ಬಾಟ್ಲಿಗೆ ಹಾಕಿ ಮುಚ್ಚಳ ಬಿಗಿಯಾಗಿ ತಿರುಗಿಸಿ ರಾತ್ರಿ ಇಡಿ. ಬೆಳಗ್ಗೆ ಗಾಜು ಮಂಜಾಗಿದ್ರೆ, ಇಲ್ಲಾ ಬಿಸ್ಕೆಟ್ ಮೆತ್ತಗಾಗಿದ್ರೆ, ಎಲ್ಲ ವಾಪಸ್ ಒಲೆಗೆ. ಮೆತ್ತಗಾಗೋದು ಯಾಕಂದ್ರೆ ನಡುವಿನ ನೀರು ರಾತ್ರಿಯೆಲ್ಲ ಹೊರಗಿನ ಪದರಕ್ಕೆ ಹರಡಿಕೊಂಡಿರುತ್ತೆ.

ಓಟಿಜಿ ಇಲ್ವಾ? ದಪ್ಪ ಕಾವಲಿ ಸಾಕು. ಸಣ್ಣ ಉರಿ. ಮೊದಲು ಮುಚ್ಚಳ ಮುಚ್ಚಿ ಒಂದೊಂದು ಕಡೆ ಆರೇಳು ನಿಮಿಷ, ಒಳಗೆ ಬೇಯಲಿ. ಆಮೇಲೆ ಮುಚ್ಚಳ ತೆಗೆದು ತಿರುಗಿಸ್ತಾ ತಿರುಗಿಸ್ತಾ ಇನ್ನೊಂದು ಹದಿನೈದು ನಿಮಿಷ. ಆಮೇಲೆ ಸಂಡಿಗೆ ಹಾಕ್ತೀರಲ್ಲ, ಹಾಗೆ ತಟ್ಟೇಲಿ ಹರಡಿ, ಮೇಲೆ ತೆಳು ಬಟ್ಟೆ ಕಟ್ಟಿ ಎರಡು ದಿನ ಚುರುಕು ಬಿಸಿಲಲ್ಲಿಡಿ. ಏರ್ ಫ್ರೈಯರ್ ಆದ್ರೆ ಒಂದೇ ಪದರ ಹರಡಿ, 150ಕ್ಕೆ ಹದಿನೈದು ನಿಮಿಷ, ಆಮೇಲೆ ಇರೋದ್ರಲ್ಲಿ ಕಡಿಮೆ ಶಾಖದಲ್ಲಿ ಮುರಿದು ನೋಡ್ತಾ ಒಣಗಿಸಿ. ಬರೀ ಮೈಕ್ರೋವೇವ್‌ನಲ್ಲಿ ಇದು ಆಗಲ್ಲ. ಒಳಗೆ ಹಬೆ ಏಳ್ಸುತ್ತೆ, ರಬ್ಬರ್ ಮಾಡುತ್ತೆ.

ಕೋಳಿ ಲಿವರ್ ಕೇಳೋರು ಬಹಳ ಜನ. ಅದಕ್ಕೂ ಇದೇ ಮಾತು, ಇನ್ನೂ ಗಟ್ಟಿಯಾಗಿ. ಮೊದಲು ಹತ್ತು ಹನ್ನೆರಡು ನಿಮಿಷ ಕುದಿಸಿ, ಕತ್ತರಿಸಿದ್ರೆ ಒಳಗೆ ಕೆಂಪು ಕಾಣ್ಬಾರದು. ಒಳಗಿನ ಶಾಖ 74 ಡಿಗ್ರಿ ದಾಟಿದ್ರೆ ಸಾಲ್ಮೊನೆಲ್ಲಾ ಅನ್ನೋ ಹೊಟ್ಟೆ ಕೆಡಿಸೋ ಬ್ಯಾಕ್ಟೀರಿಯಾ ಸಾಯುತ್ತೆ. ಆಮೇಲೆ 5 ಮಿಲಿಮೀಟರ್ ಹೋಳು ಮಾಡಿ 100 ಡಿಗ್ರಿಗೆ ಎರಡೂವರೆ ಮೂರು ಗಂಟೆ, ಬಾಗಿಲು ಸಂದು ಬಿಟ್ಟೇ. ಹಸಿ ಮಾಂಸ ಬಿಸಿಲಿಗೆ ಹಾಕ್ಬೇಡಿ, ಬಿಸಿಲಿನ ಶಾಖ ಅದಕ್ಕೆ ಸಾಲಲ್ಲ, ನೊಣ ಬೇರೆ. ಒಣಗಿದ ಮೇಲೂ ಫ್ರಿಜ್‌ನಲ್ಲೇ ಇಡಿ. ಲಿವರ್‌ನಲ್ಲಿ ವಿಟಮಿನ್ ಎ ಜಾಸ್ತಿ, ಚೂರು ಚೂರೇ ಕೊಡಿ.

ಈಗ ನಿಮ್ಮ ವಾದಗಳಿಗೆ ಬರೋಣ.

"ಸ್ವಲ್ಪ ಬೆಲ್ಲ ಹಾಕಿದ್ರೆ ಇಷ್ಟಪಟ್ಟು ತಿನ್ನುತ್ತೆ." ಬೆಲ್ಲ ಗಾಳಿಯಿಂದ ನೀರು ಹೀರುತ್ತೆ. ಮಳೆಗಾಲದಲ್ಲಿ ಬೆಲ್ಲದ ಡಬ್ಬಿ ತೆಗೆದು ನೋಡಿ, ಕೈಗೆ ಅಂಟುತ್ತಲ್ಲ, ಅದೇ ನಿಮ್ಮ ಬಿಸ್ಕೆಟ್ ಒಳಗೂ ಆಗೋದು. ಒಣಗಿಸಿದ್ದೆಲ್ಲ ನೀರುಪಾಲು! ತುಪ್ಪನೂ ಬೇಡ, ಕಮಟು ವಾಸನೆ ಬರುತ್ತೆ. ಸಕ್ಕರೆ ಇಲ್ಲದ್ದು ಅಂತ ಮಾರೋ ಪೀನಟ್ ಬಟರ್ ಹಾಕೋಕೆ ಮುಂಚೆ ಡಬ್ಬಿ ಓದಿ. ಸಕ್ಕರೆ ಬದಲು ಹಾಕೋ ಕ್ಸೈಲಿಟಾಲ್ ಅಂತಿದ್ರೆ ನಾಯಿ ಹತ್ತಿರಕ್ಕೂ ತರಬೇಡಿ. ಕೆಜಿ ತೂಕಕ್ಕೆ 0.1 ಗ್ರಾಂ ಸಾಕು, ಇನ್ಸುಲಿನ್ ಉಕ್ಕಿ ರಕ್ತದ ಸಕ್ಕರೆ ಕುಸಿಯುತ್ತೆ.

"ಹಿಂದೆಲ್ಲ ಸಾರು ಅನ್ನ ಹಾಕ್ತಿದ್ರು, ಏನೂ ಆಗ್ತಿರಲಿಲ್ಲ." ಆಗ್ತಿತ್ತು ಸ್ವಾಮಿ, ಯಾರೂ ನೋಡ್ತಿರಲಿಲ್ಲ. ಸಾರಲ್ಲಿ ಈರುಳ್ಳಿ ಬೆಳ್ಳುಳ್ಳಿ, ಅವು ನಾಯಿಯ ಕೆಂಪು ರಕ್ತಕಣ ಒಡೀತವೆ. ಹುಣಸೆಹಣ್ಣು ಬೇರೆ. ಹುಣಸೆ ತಿಂದ ನಾಯಿಗಳ ಕಿಡ್ನಿಗೆ ಪೆಟ್ಟು ಬಿದ್ದ ಪ್ರಕರಣಗಳನ್ನ 2022ರಲ್ಲಿ ಅಮೆರಿಕದ ಪಶುವೈದ್ಯರು ಪ್ರಕಟಿಸಿದ್ದಾರೆ. ದ್ರಾಕ್ಷಿಯಲ್ಲಿ ನಾಯಿಗೆ ಆಗದ ಟಾರ್ಟಾರಿಕ್ ಆಮ್ಲ ಇದೆಯಲ್ಲ, ಹುಣಸೇಲೂ ಅದೇ. ಈ ವಾದ ಇಲ್ಲಿಗೆ ಸಾಕು.

"ಒಣಗಿಸಿದ್ರೆ ಗಟ್ಟಿಯಾಗಿ ಹಲ್ಲು ಹೋಗುತ್ತೆ." 5 ಮಿಲಿಮೀಟರ್ ಬಿಸ್ಕೆಟ್ ನಿಮ್ಮ ಬೆರಳಲ್ಲೇ ಮುರಿಯುತ್ತೆ. ಮುರೀತಿಲ್ಲ ಅಂದ್ರೆ ನೀವು ದಪ್ಪ ಲಟ್ಟಿಸಿದ್ದೀರಿ. ಹಲ್ಲಿಲ್ಲದ ಮುದಿ ನಾಯಿಗೆ ಕೊಡುವಾಗ ಬಿಸಿ ನೀರಲ್ಲಿ ಎರಡು ನಿಮಿಷ ನೆನೆಸಿ. ಕೊಡುವಾಗ ಮೆತ್ತಗೆ ಮಾಡಿ, ಇಡುವಾಗ ಒಣಗಿಸಿಯೇ ಇಡಿ!

"ಡಬ್ಬೀಲಿ ಸಿಲಿಕಾ ಪೊಟ್ಟಣ ಹಾಕಿದ್ದೀವಿ." ಒಣಗಿದ ಬಿಸ್ಕೆಟ್ಟಿಗೆ ಹೊರಗಿನ ಗಾಳಿ ತೇವ ತಡೆಯೋಕೆ ಅದು ಸರಿ. ಒದ್ದೆ ಬಿಸ್ಕೆಟ್ ಒಣಗಿಸೋ ಶಕ್ತಿ ಆ ಪೊಟ್ಟಣಕ್ಕಿಲ್ಲ. ನಾಯಿ ಪೊಟ್ಟಣ ಸಮೇತ ನುಂಗಿದ್ರೆ ಇನ್ನೊಂದು ರಗಳೆ.

ಆಮೇಲೆ ಬಿಸಿ ಬಿಸಿ ಇರುವಾಗಲೇ ಡಬ್ಬಿಗೆ ತುಂಬೋರು! ಎರಡು ಗಂಟೆ ಜಾಲರಿ ಮೇಲೆ ಆರಲಿ ರೀ. ಬಿಸಿಯಾಗಿ ಮುಚ್ಚಿದ್ರೆ ಮುಚ್ಚಳದ ಒಳಗೆ ಸಾಲಾಗಿ ಹನಿ ಕೂರುತ್ತೆ, ಒಂದೊಂದಾಗಿ ಕೆಳಗೆ ತೊಟ್ಟಿಕ್ಕುತ್ತೆ. ಅಷ್ಟು ಹೊತ್ತು ಒಣಗಿಸಿ ಕೊನೇಲಿ ನೀವೇ ನೀರು ಚಿಮುಕಿಸಿದ ಹಾಗಾಯ್ತು. ಮಂಗಳೂರು, ಮಲೆನಾಡಿನೋರಿಗೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಬೇರೆ ನಿಯಮ. ವಾರಕ್ಕಾಗುವಷ್ಟೇ ಮಾಡಿ, ಕತ್ತರಿಸಿದ ಹಸಿ ತುಂಡು ಉಳಿದದ್ದನ್ನ ಫ್ರೀಜರ್‌ಗೆ ಹಾಕಿ. ಮೆತ್ತಗಾದ್ರೆ, ಬೂಷ್ಟು ಇಲ್ಲದಿದ್ರೆ ಮಾತ್ರ, 100 ಡಿಗ್ರಿಗೆ ಇನ್ನೊಂದು ಇಪ್ಪತ್ತು ನಿಮಿಷ. ಬಯಲುಸೀಮೇಲಿ ಸರಿಯಾಗಿ ಒಣಗಿದ್ದು ಎರಡು ಮೂರು ವಾರ ಇರುತ್ತೆ.

ಎಷ್ಟು ಕೊಡ್ಬೇಕು ಅಂತ ಕೇಳೋರಿಗೆ ಬೇಗ ಹೇಳ್ಬಿಡ್ತೀನಿ. ಒಂದು ತುಂಡು ಸುಮಾರು ಎಂಟೊಂಬತ್ತು ಕ್ಯಾಲರಿ. ದಿನದ ಆಹಾರದಲ್ಲಿ ತಿಂಡಿ ನೂರಕ್ಕೆ ಹತ್ತು ಭಾಗ ದಾಟ್ಬಾರದು. 10 ಕೆಜಿ ನಾಯಿಗೆ ಐದು, 15 ಕೆಜಿಯ ನಮ್ಮ ನಾಡ ನಾಯಿಗೆ ಏಳು, ದೊಡ್ಡ ಲ್ಯಾಬ್ರಡಾರ್‌ಗೆ ಹನ್ನೆರಡು. ಇದರ ಪೂರ್ತಿ ಪಟ್ಟಿ ಚಾನೆಲ್‌ನಲ್ಲಿ ಬೇರೆ ವಿಡಿಯೋ ಇದೆ. ನೋಡಿ, ಸಬ್‌ಸ್ಕ್ರೈಬ್ ಮಾಡಿ, ನಾಯಿ ಸಾಕಿರೋ ಗೆಳೆಯರಿಗೂ ಕಳಿಸಿ.

ಕೊನೆಗೆ ನಿಜವಾಗ್ಲೂ ಹೊಟ್ಟೆ ಉರಿಸಿದ್ದು ಅದೇ ಕಾಮೆಂಟ್‌ನ ಕೊನೇ ಸಾಲು. "ಬೂಷ್ಟು ಒರೆಸಿ ಮತ್ತೆ ಬಿಸಿ ಮಾಡಿದೆ, ಉಳಿದದ್ದು ಬೀದಿ ನಾಯಿಗೆ ಹಾಕಿದೆ." ಅಯ್ಯೋ! ಮೇಲೆ ಕಾಣೋ ಬಿಳೀದು ಒರೆಸಬಹುದು, ಬೇರು ಒಳಗಿದೆ. ಅದು ಬಿಟ್ಟ ವಿಷ ಬಿಸಿ ಮಾಡಿದ್ರೆ ಹೋಗಲ್ಲ. ಕೆಲವು ಬೂಷ್ಟಿನ ವಿಷಕ್ಕೆ ನಾಯಿ ಮೈಯೆಲ್ಲ ನಡುಗುತ್ತೆ, ಸೆಳವು ಬರುತ್ತೆ, ಕೆಲವು ಲಿವರ್ ತಿಂದು ಹಾಕ್ತವೆ. ನಿಮ್ಮ ನಾಯಿಗೆ ಆದ್ರೆ ಡಾಕ್ಟರ್ ಹತ್ತಿರ ಓಡ್ತೀರಿ. ಬೀದೀದನ್ನ ಯಾರು ಎತ್ಕೊಂಡು ಓಡ್ತಾರೆ? ಅದಕ್ಕೂ ಅದೇ ಲಿವರ್, ಅದೇ ಕಿಡ್ನಿ. ನಿಮ್ಮ ಮೇಲೆ ನಂಬಿಕೆ ಇಟ್ಟು ಬಾಲ ಆಡಿಸ್ಕೊಂಡು ಬಂದಿದ್ದು ಅದು! ಬೂಷ್ಟು ಹಿಡಿದದ್ದನ್ನ ಕವರ್‌ಗೆ ಹಾಕಿ, ಗಂಟು ಕಟ್ಟಿ, ಯಾವ ಪ್ರಾಣಿಗೂ ಸಿಗದ ಹಾಗೆ ಬಿಸಾಕಿ.

ಮತ್ತೆ ಅಳತೆ ಸರಿ ಇಲ್ಲ ಅಂತ ಬರೀಬೇಡಿ. ಗೆಣಸಿನ ಬದಲು ಸಿಹಿಗುಂಬಳ ಹಾಕ್ಲಾ, ರಾಗಿ ಬದಲು ಜೋಳ ಹಾಕ್ಲಾ, ಮೊಟ್ಟೆ ಎರಡು ಹಾಕ್ಲಾ? ಏನು ಬೇಕಾದ್ರೂ ಹಾಕಿ, ಕುಂಬಳದಲ್ಲಿ ನೀರು ಇನ್ನೂ ಜಾಸ್ತಿ, ಅಷ್ಟು ಹೆಚ್ಚು ಹೊತ್ತು ಒಣಗಿಸಿ. ಎಷ್ಟು ನಿಮಿಷ ಅಂತ ಕೇಳ್ಬೇಡಿ, ನಿಮ್ಮ ಒಲೆ ಬೇರೆ, ನಿಮ್ಮೂರ ಗಾಳಿ ಬೇರೆ. ಒಂದು ತುಂಡು ಎತ್ತಿ, ತಣ್ಣಗಾಗೋಕೆ ಬಿಡಿ, ಮುರಿಯಿರಿ. ಟಕ್ ಅಂತಾ? ಡಬ್ಬಿಗೆ. ಬಾಗ್ತಾ? ವಾಪಸ್ ಒಳಗಿಡಿ. ಇನ್ನೂ ಬಾಗ್ತಾ? ಮತ್ತೆ ಒಳಗಿಡಿ.