ಎರೆನೆಲದ ಹಸಿ ಮತ್ತು ಹಿಂಗಾರಿ ಜೋಳ

ಎಲ್ಲರಿಗೂ ನಮಸ್ಕಾರ.

ಈ ಮೇಜಿನ ಮೇಲೆ ಎರಡು ಗಿಡಗಳಿವೆ. ಒಂದು ಬುಡಸಮೇತ ಕಿತ್ತು ತಂದ ಹಿಂಗಾರಿ ಬಿಳಿಜೋಳ, ಇನ್ನೊಂದು ಕುಂಡದಲ್ಲಿರುವ ಕಾಡುಬಸಳೆ. ಎರಡರ ಇಕ್ಕಟ್ಟೂ ಒಂದೇ. ಎಲೆಯ ಪತ್ರರಂಧ್ರ ತೆರೆದರೆ ಇಂಗಾಲದ ಡೈಆಕ್ಸೈಡ್ ಒಳಗೆ ಬರುತ್ತದೆ, ಅದೇ ದಾರಿಯಲ್ಲಿ ನೀರು ಆವಿಯಾಗಿ ಹೋಗುತ್ತದೆ. ಮುಚ್ಚಿದರೆ ನೀರು ಉಳಿಯುತ್ತದೆ, ಗಿಡದ ಊಟ ನಿಲ್ಲುತ್ತದೆ.

ಕಾಡುಬಸಳೆ ಬರಗಾಲದಲ್ಲಿ ರಾತ್ರಿ ರಂಧ್ರ ತೆರೆದು, ಬಂದ ಅನಿಲವನ್ನು ಮ್ಯಾಲಿಕ್ ಆಮ್ಲವಾಗಿ ಕೂಡಿಟ್ಟುಕೊಂಡು, ಹಗಲು ಬಾಗಿಲು ಮುಚ್ಚಿ ಅದನ್ನು ಬಳಸುತ್ತದೆ. ಒಂದು ಕಾಲದಲ್ಲಿ ಲಾಲ್‌ಬಾಗ್‌ನ ಉಸ್ತುವಾರಿ ನೋಡಿಕೊಂಡಿದ್ದ ಬೆಂಜಮಿನ್ ಹೇನ್, ಇದರ ಎಲೆ ಬೆಳಿಗ್ಗೆ ಹುಳಿ, ಹೊತ್ತೇರಿದಂತೆ ಸಪ್ಪೆ ಎಂದು ಬರೆದದ್ದು 1815ರಲ್ಲಿ ಪ್ರಕಟವಾಯಿತು. ನೀವು ತಿಂದು ನೋಡಬೇಡಿ, ಇದರಲ್ಲಿ ಹೃದಯಕ್ಕೆ ಕೆಡುಕು ಮಾಡುವ ಅಂಶಗಳಿವೆ. ರಾತ್ರಿ ಕೂಡಿಡುವ ಆಮ್ಲಕ್ಕೆ ಎಲೆಯೊಳಗಿನ ಜಾಗ ಇಷ್ಟೇ ಎಂಬ ಮಿತಿಯಿದೆ. ಹಾಗಾಗಿ ಇಂಥ ಗಿಡ ಬದುಕುತ್ತದೆ, ಆದರೆ ಚೀಲ ತುಂಬುವಷ್ಟು ಕಾಳು ಕೊಡುವ ಬೆಳವಣಿಗೆ ಅದರಿಂದ ಆಗದು.

ಜೋಳದ ದಾರಿ ಬೇರೆ. ವಿಜಯಪುರದ ಸುತ್ತ ವರ್ಷದ ಮಳೆ ಸುಮಾರು 600 ಮಿ.ಮೀ. ಮಳೆ ಹಿಂದೆ ಸರಿಯುವ ಹೊತ್ತಿಗೆ, ಸೆಪ್ಟೆಂಬರ್ ಮಧ್ಯದಿಂದ ಅಕ್ಟೋಬರ್ ಮಧ್ಯದೊಳಗೆ ಬಿತ್ತುತ್ತಾರೆ. ಮುಂದಿನ ನಾಲ್ಕು ತಿಂಗಳು ಹೆಚ್ಚಾಗಿ ಎರೆನೆಲ, ಅಂದರೆ ಕಪ್ಪು ಮಣ್ಣಿನ ಹೊಲ, ಹಿಡಿದಿಟ್ಟ ಹಸಿಯೇ ಗತಿ. ಜೋಳದ ಎಲೆಯಲ್ಲಿರುವ ಒಂದು ಕಿಣ್ವ ಇಂಗಾಲದ ಡೈಆಕ್ಸೈಡನ್ನು ಎಷ್ಟು ಬಿಗಿಯಾಗಿ ಹಿಡಿಯುತ್ತದೆಂದರೆ, ರಂಧ್ರ ಅರೆ ತೆರೆದಿದ್ದರೂ ಕೆಲಸ ನಡೆಯುತ್ತದೆ. ಒಂದು ಕಿಲೋ ಒಣ ತೂಕ ಬೆಳೆಯಲು ಜೋಳಕ್ಕೆ ಸುಮಾರು 300 ಲೀಟರ್ ನೀರು ಸಾಕು. ಗೋಧಿಗೆ 500ರ ಆಸುಪಾಸು ಬೇಕು.

ಈಗ ದಂಟಿಗೆ ಅಂಟಿಕೊಂಡ ಎಲೆಯ ಬುಡವನ್ನು ಬೆರಳಿನಿಂದ ಉಜ್ಜಿ ನೋಡಿ. ಬೂದಿಯಂಥ ಬಿಳಿ ಪುಡಿ ಅಂಟುತ್ತದೆ. ಅದು ಮೇಣ, ಬಿಸಿಲನ್ನು ಹಿಂದಕ್ಕೆ ಚೆಲ್ಲುತ್ತದೆ, ಚರ್ಮದಿಂದ ನೀರು ಸೋರುವುದನ್ನು ತಡೆಯುತ್ತದೆ. ಎಲೆಯ ಮೇಲ್ಭಾಗದಲ್ಲಿ, ನಡುನರದ ಆಚೀಚೆ, ಗುಳ್ಳೆಯಂಥ ದೊಡ್ಡ ಕೋಶಗಳಿವೆ. ನೀರು ಕಡಿಮೆಯಾದಾಗ ಮೊದಲು ಇವು ಕುಗ್ಗುತ್ತವೆ, ಎಲೆ ಸುರುಳಿಯಾಗುತ್ತದೆ. ಮಧ್ಯಾಹ್ನ ಸುರುಳಿಯಾಗಿ ಸಂಜೆ ಬಿಚ್ಚಿಕೊಂಡರೆ ಚಿಂತೆಯಿಲ್ಲ. ಬೆಳಗಿನ ಆರು ಗಂಟೆಗೂ ಸುರುಳಿ ಬಿಚ್ಚದಿದ್ದರೆ ಬೇರಿನ ಸುತ್ತ ಹಸಿ ಮುಗಿದಿದೆ ಎಂದೇ ತಿಳಿಯಿರಿ.

ಬರದಲ್ಲಿ ಜೋಳ ಸೋಲುವುದು ಹೆಚ್ಚಾಗಿ ಹೂ ಬಿಟ್ಟ ಮೇಲೆ. ತೆನೆಯ ಕಾಳು ಸಕ್ಕರೆ ಕೇಳುತ್ತದೆ. ಎಲೆಗೆ ಅಷ್ಟು ತಯಾರಿಸಲು ನೀರಿಲ್ಲ. ಗಿಡ ದಂಟಿನಲ್ಲಿ ಕೂಡಿಟ್ಟದ್ದನ್ನೇ ತೆಗೆದು ಕೊಡುತ್ತದೆ. ಹೀಗೆ ಬರಿದಾದ ದಂಟಿಗೆ ಮಣ್ಣಿನಲ್ಲಿರುವ ಮ್ಯಾಕ್ರೊಫೊಮಿನಾ ಶಿಲೀಂಧ್ರ ಬೇರಿನಿಂದ ನುಗ್ಗುತ್ತದೆ. ಒಳಗಿನ ತಿರುಳು ಕೊಳೆತು, ನಾರಷ್ಟೇ ಉಳಿದು, ಅದರ ಮೇಲೆ ಇದ್ದಿಲ ಪುಡಿಯಂಥ ಕರಿ ಚುಕ್ಕೆಗಳು ಕೂರುತ್ತವೆ. ಚೆನ್ನಾಗಿ ನಿಂತಿದ್ದ ಹೊಲ ಬುಡದಿಂದ ಮುರಿದು ಮಲಗುತ್ತದೆ. ಔಷಧಿ ಹೊಡೆದು ಇದನ್ನು ಗೆಲ್ಲಲಾಗದು. ಹೂ ಬಿಡುವ ಹೊತ್ತಿಗೆ ಕೆಳಮಣ್ಣಿನಲ್ಲಿ ಹಸಿ ಉಳಿದಿರಬೇಕು, ಬೇಸಾಯವೆಲ್ಲ ಅದಕ್ಕಾಗಿಯೇ.

ಅದಕ್ಕೇ ಮುಂಗಾರಿನಲ್ಲಿ ಖಾಲಿ ಬಿಟ್ಟ ಹೊಲಕ್ಕೆ ಒಂದೊಂದು ಬದಿ 3 ಅಥವಾ 4.5 ಮೀಟರ್ ಇರುವ ಚೌಕು ಮಡಿ ಹಾಕಿ, ಬಿದ್ದ ಮಳೆಯನ್ನು ಬಿದ್ದಲ್ಲೇ ಇಂಗಿಸುತ್ತಾರೆ. ಎಕರೆಗೆ 3 ಕಿಲೋ ಬೀಜ, ಸಾಲಿನಿಂದ ಸಾಲಿಗೆ 45 ಸೆಂ.ಮೀ., ಗಿಡದಿಂದ ಗಿಡಕ್ಕೆ 15 ಸೆಂ.ಮೀ. ಎಕರೆಗೆ ಸುಮಾರು 60,000 ಗಿಡ. ಹೆಚ್ಚಾದವನ್ನು ಕಿತ್ತು ಹಾಕಲು ಮನಸ್ಸು ಬಾರದು, ಆದರೆ ದಟ್ಟವಾದ ಬೆಳೆ ಡಿಸೆಂಬರ್ ಹೊತ್ತಿಗೇ ಹಸಿಯನ್ನೆಲ್ಲ ಕುಡಿದು ಮುಗಿಸುತ್ತದೆ. ಸಾರಜನಕ ಮಿತಿಮೀರಿ ಕೊಟ್ಟರೂ ಅದೇ ಕಥೆ: ಎಲೆ ಹೆಚ್ಚು, ಖರ್ಚು ಹೆಚ್ಚು. ಎರೆನೆಲ ಒಣಗಿದಂತೆ ಬಿರುಕು ಬಿಡುತ್ತದೆ, ಬಿರುಕಿನ ಗೋಡೆಗಳಿಂದ ಆಳದ ಹಸಿಯೂ ಹಾರಿಹೋಗುತ್ತದೆ. ಬಿತ್ತಿದ 3, 5 ಮತ್ತು 8ನೇ ವಾರದಲ್ಲಿ ಎಡೆಕುಂಟೆ ಹೊಡೆದು ಸಾಲಿನ ನಡುವಿನ ಮಣ್ಣು ಕೆದಕಿದರೆ ಪುಡಿಮಣ್ಣು ಬಿರುಕನ್ನು ತುಂಬುತ್ತದೆ. ಕಳೆ ಇಲ್ಲದ ಹೊಲಕ್ಕೂ ಕುಂಟೆ ಬೇಕು.

ದನ ಸಾಕುವವರು ಇದೊಂದನ್ನು ಗಮನಿಸಬೇಕು. ಎಳೆಯ ಜೋಳದಲ್ಲಿ ಧುರಿನ್ ಎಂಬ ವಸ್ತುವಿದೆ. ಅದು ಒಂದು ಕಡೆ, ಅದನ್ನು ಒಡೆಯುವ ಕಿಣ್ವ ಇನ್ನೊಂದು ಕಡೆ. ದನ ಅಗಿದಾಗ ಎರಡೂ ಬೆರೆತು ಸಯನೈಡ್ ಬಿಡುಗಡೆಯಾಗುತ್ತದೆ. ಬರದಿಂದ ಕುಂಠಿತಗೊಂಡ ಮೊಣಕಾಲೆತ್ತರದ ಪೈರು ಮತ್ತು ಕೊಯ್ದ ಮೇಲೆ ಚಿಗುರಿದ ಕೂಳೆ ತುಂಬ ಅಪಾಯಕಾರಿ. ಹೂ ಬಿಟ್ಟ ಮೇಲೆ ಕೊಯ್ದು, ಚೆನ್ನಾಗಿ ಒಣಗಿಸಿದ ಕಣಿಕೆಯಲ್ಲಿ ಈ ಭಯ ಬಹಳ ಕಡಿಮೆ. ಮೇಯ್ದ ಕೆಲವೇ ನಿಮಿಷಗಳಲ್ಲಿ ದನ ಏದುಸಿರು ಬಿಟ್ಟು, ತತ್ತರಿಸಿ ಬಿದ್ದರೆ ಮನೆಮದ್ದಿಗೆ ಹೊತ್ತು ಕಳೆಯದೆ ಪಶುವೈದ್ಯರಿಗೆ ಫೋನ್ ಮಾಡಿ, ಜೋಳ ಮೇಯ್ದಿದೆ ಎಂದು ಮೊದಲ ಮಾತಿನಲ್ಲೇ ಹೇಳಿ. ಸೋಡಿಯಂ ನೈಟ್ರೈಟ್ ಮತ್ತು ಸೋಡಿಯಂ ಥಯೋಸಲ್ಫೇಟ್ ಚುಚ್ಚುಮದ್ದು ಬೇಗ ಬಿದ್ದರೆ ದನ ಉಳಿಯಬಹುದು.